ದಫ್ ಹುಡುಗರದ್ದು ಮಾತ್ರವಾ?

ಕಳೆದ ಚಳಿಗಾಲದಲ್ಲಿ ನಾವು ಹತ್ತಿರದ ಸಂಬಂಧಿಕರ ಮದುವೆ ಮನೆಗೆ ಹೋಗಿದ್ದೆವು. ಮದುವೆಯ ಹಿಂದಿನ ರಾತ್ರಿ. ಒಳಗೆ ಮದುಮಗಳಿಗೆ ಮೈಲಾಂಜಿ ಹಚ್ಚುವ ಗಡಿಬಿಡಿ, ಹೊರಗೆ ಅಂಗಳದಲ್ಲಿ ಶಾಮಿಯಾನ, ಅದರ ಮೂಲೆಯಲ್ಲಿ ಆಳೆತ್ತರದ ಎರಡು ಸೌಂಡ್ ಬಾಕ್ಸ್. ಊರಿನ ಹುಡುಗರ ದಫ್ ತಂಡವನ್ನು ಕರೆಸಿದ್ದರು. ಹನ್ನೆರಡು ಮಂದಿ, ಒಂದೇ ಬಣ್ಣದ ಉಡುಪು. ಅರ್ಧ ಗಂಟೆ ಚೆನ್ನಾಗಿಯೇ ಬಾರಿಸಿದರು. ಆಮೇಲೆ ದಫ್‌ಗಳನ್ನು ಜಗಲಿಯ ಮೇಲೆ ಸಾಲಾಗಿ ಇಟ್ಟು ಊಟಕ್ಕೆ ಹೋದರು. ಸೌಂಡ್ ಬಾಕ್ಸ್‌ನಲ್ಲಿ ಯಾರದೋ ಮೊಬೈಲ್‌ನ ಹಾಡು ಶುರುವಾಯಿತು.

ಅಷ್ಟರಲ್ಲಿ ಹತ್ತು ವರ್ಷದ ಹುಡುಗಿಯೊಬ್ಬಳು ಬಂದು ಒಂದು ದಫ್ ಎತ್ತಿಕೊಂಡಳು. ಮೊದಲು ನಡುವಿಗೆ ಬಡಿದಳು, ಆಮೇಲೆ ಅಂಚಿಗೆ. ಒಂದೇ ಚರ್ಮದಿಂದ ಎರಡು ಬೇರೆ ಬೇರೆ ಸದ್ದು ಬಂದದ್ದು ಕೇಳಿ ಅವಳ ಮುಖ ಅರಳಿತು. ಮೂರನೇ ಸಲ ಕೈ ಎತ್ತುವಾಗ ಹಿರಿಯರೊಬ್ಬರು, "ಇಡು ಇಡು, ಅದು ಹುಡುಗರದ್ದು" ಎಂದರು. ಗದರಿದ್ದಲ್ಲ, ಅಕ್ಕರೆಯಿಂದಲೇ ಹೇಳಿದ್ದು. ಹುಡುಗಿ ದಫ್ ಇಟ್ಟು ಒಳಗೆ ಹೋದಳು. ಪಕ್ಕದಲ್ಲೇ ಕೂತಿದ್ದ ನಾವು ಏನೂ ಹೇಳಲಿಲ್ಲ. ಆ ಹೊತ್ತಿಗೆ ನಮಗೂ ಅದು ಸರಿ ಅಂತಲೇ ಕಂಡಿತ್ತು.

ಮನೆಗೆ ಬಂದ ಮೇಲೆ ಆ ಮಾತು ತಲೆಯಲ್ಲಿ ಕೂತುಬಿಟ್ಟಿತು. ದಫ್ ಹುಡುಗರದ್ದು ಅಂತ ಹೇಳಿದ್ದು ಯಾರು? ಯಾವಾಗಿನಿಂದ? ಈ ಪ್ರಶ್ನೆ ಹಿಡಿದು ದಫ್‌ನ ಚರಿತ್ರೆ ಹುಡುಕುತ್ತಾ ಹೋದರೆ, ನಾವು ಇಷ್ಟು ದಿನ ನಂಬಿಕೊಂಡು ಬಂದದ್ದಕ್ಕೆ ಪೂರಾ ಉಲ್ಟಾ ಕತೆ ಸಿಗ್ತದೆ. ಅದನ್ನು ಓದುಗರ ಮುಂದೆ ಇಡಬೇಕು ಅಂತ ಈ ಬರಹ.

ಮಣ್ಣಿನ ಗೊಂಬೆಗಳು ಹೇಳುವುದೇನು?

ದಫ್ ಅಂದರೆ ಎಂತ? ಒಂದು ಮರದ ಬಳೆ, ಅದರ ಒಂದು ಬದಿಗೆ ಬಿಗಿದ ಚರ್ಮ. ಅಷ್ಟೇ. ಚೆಂಡೆ, ಮದ್ದಳೆಗಳಿಗೆ ಇರುವಂಥ ಉದ್ದದ ಒಡಲು ಇದಕ್ಕಿಲ್ಲ. ಬಳೆಯ ಆಳಕ್ಕಿಂತ ಮುಖದ ಅಗಲವೇ ಜಾಸ್ತಿ. ಆದ್ದರಿಂದ ಹಗುರ. ಒಂದು ಕೈಯಲ್ಲಿ ಹಿಡಿದು ಇನ್ನೊಂದು ಕೈಯಲ್ಲಿ ಬಾರಿಸಬಹುದು, ನಡೆಯುತ್ತಾ ಬಾರಿಸಬಹುದು, ಹಾಡುತ್ತಾ ಬಾರಿಸಬಹುದು. ಮನುಷ್ಯ ಮಾಡಿಕೊಂಡ ಹಳೆಯ ವಾದ್ಯಗಳಲ್ಲಿ ಇದೂ ಒಂದು.

ಎಷ್ಟು ಹಳೆಯದು? ಇಂದಿನ ಇರಾಕ್ ಇರುವ ಜಾಗದಲ್ಲಿ ಹಿಂದೆ ಇದ್ದ ಮೆಸೊಪೊಟೇಮಿಯಾದಲ್ಲಿ ಸುಮಾರು 4000 ವರ್ಷ ಹಿಂದಿನ ಮಣ್ಣಿನ ಫಲಕಗಳು ಸಿಕ್ಕಿವೆ. ಅವುಗಳಲ್ಲಿ ಎದೆಯ ಹತ್ತಿರ ದುಂಡಗಿನ ವಸ್ತು ಹಿಡಿದು ನಿಂತ ಹೆಂಗಸರ ಚಿತ್ರಗಳಿವೆ. ಪ್ಯಾಲೆಸ್ತೀನ್ ಮತ್ತು ಸೈಪ್ರಸ್‌ನಲ್ಲಿ ನೆಲ ಅಗೆದಾಗಲೂ ಅಂಥವೇ ಮಣ್ಣಿನ ಗೊಂಬೆಗಳು ಸಿಕ್ಕಿದವು. ಅವರ ಕೈಯಲ್ಲಿರುವುದು ದಫ್‌ನಂಥ ಚರ್ಮವಾದ್ಯ ಎಂದು ಅನೇಕ ವಿದ್ವಾಂಸರು ಗುರುತಿಸುತ್ತಾರೆ. ಹಳೆಯ ಗ್ರೀಕರ ಹೂಜಿಗಳ ಮೇಲೆ 'ಟಿಂಪನಾನ್' ಎಂಬ ಹೆಸರಿನ ಇದೇ ಜಾತಿಯ ವಾದ್ಯ ಉಂಟು. ಅಲ್ಲಿಯೂ ಅದನ್ನು ಹಿಡಿದವರು ಹೆಚ್ಚಾಗಿ ಹೆಂಗಸರೇ.

ಹೆಸರನ್ನೇ ನೋಡಿ. ಹೀಬ್ರೂ ಭಾಷೆಯಲ್ಲಿ ಇದಕ್ಕೆ 'ತೋಫ್' ಎನ್ನುತ್ತಾರೆ, ಅರಬಿಯಲ್ಲಿ 'ದುಫ್' ಅಥವಾ 'ದಫ್'. ಎರಡೂ ಒಂದೇ ಬೇರಿನ ಪದಗಳು. ಮೂಸಾ ನಬಿಯವರು ಫಿರ್‌ಔನ್‌ನ ಕೈಯಿಂದ ತಮ್ಮ ಜನರನ್ನು ಪಾರು ಮಾಡಿ ಕಡಲು ದಾಟಿಸಿದ ಮೇಲೆ ಅವರ ಅಕ್ಕ 'ತೋಫ್' ಕೈಗೆತ್ತಿಕೊಂಡು ಹೆಂಗಸರನ್ನೆಲ್ಲ ಕೂಡಿಸಿ ಹಾಡಿದರು ಎಂದು ಯಹೂದಿಗಳ ತೋರಾದಲ್ಲಿ ಇದೆ. ದೊಡ್ಡ ಸಂತೋಷ ಬಂದಾಗ ದಫ್ ಎತ್ತಿಕೊಂಡು ಮುಂದೆ ಬರುವುದು ಆ ನಾಡಿನ ಹೆಂಗಸರ ರೂಢಿ ಆಗಿತ್ತು ಅಂತ ಇದರಿಂದ ಗೊತ್ತಾಗ್ತದೆ.

ಮದೀನಾದ ಮನೆಗಳಲ್ಲಿ

ಇನ್ನು ಪ್ರವಾದಿ(ಸ)ಯವರ ಕಾಲಕ್ಕೆ ಬರೋಣ. ನಮ್ಮಲ್ಲಿ ಎಲ್ಲರೂ ಕೇಳಿರುವ ಎರಡು ಘಟನೆಗಳನ್ನು ಮತ್ತೆ ನೆನಪು ಮಾಡಿಕೊಳ್ಳುವುದು ಒಳ್ಳೆಯದು. ಎರಡೂ ಸಹೀಹ್ ಬುಖಾರಿಯಲ್ಲಿ ಉಂಟು.

ಒಂದು, ಈದ್ ದಿನದ್ದು. ಆಯಿಶಾ(ರ)ರ ಮನೆಯಲ್ಲಿ ಇಬ್ಬರು ಹುಡುಗಿಯರು ದಫ್ ಬಾರಿಸುತ್ತಾ ಹಳೆಯ ಯುದ್ಧದ ಹಾಡು ಹಾಡುತ್ತಿದ್ದರು. ಪ್ರವಾದಿ(ಸ)ಯವರು ಅಲ್ಲೇ ಬಟ್ಟೆ ಹೊದ್ದು ಮಲಗಿದ್ದರು. ಒಳಗೆ ಬಂದ ಅಬೂಬಕರ್(ರ)ರಿಗೆ ಇದು ಸರಿ ಕಾಣಲಿಲ್ಲ, ಆಕ್ಷೇಪ ಮಾಡಿದರು. ಅವರ ಪಾಡಿಗೆ ಅವರನ್ನು ಬಿಡಿ, ಇವತ್ತು ಹಬ್ಬ ಅಂತ ಪ್ರವಾದಿ(ಸ)ಯವರು ತಡೆದರು.

ಇನ್ನೊಂದು, ರುಬಯ್ಯಿ ಬಿಂತ್ ಮುಅವ್ವಿದ್(ರ)ರ ಮದುವೆಯದ್ದು. ಪ್ರವಾದಿ(ಸ)ಯವರು ಆ ಮನೆಗೆ ಬಂದು ಕೂತಿದ್ದಾಗ ಹುಡುಗಿಯರು ದಫ್ ಬಾರಿಸುತ್ತಾ, ಬದ್ರ್‌ನಲ್ಲಿ ತೀರಿಹೋದ ತಮ್ಮ ಹಿರಿಯರನ್ನು ನೆನೆದು ಹಾಡುತ್ತಿದ್ದರು. ನಡುವೆ ಒಬ್ಬ ಹುಡುಗಿ ಪ್ರವಾದಿ(ಸ)ಯವರಿಗೆ ನಾಳೆಯದ್ದು ಗೊತ್ತು ಎಂಬರ್ಥದ ಸಾಲು ಸೇರಿಸಿದಳು. ಆ ಮಾತು ಬಿಟ್ಟು ಮೊದಲು ಹೇಳುತ್ತಿದ್ದದ್ದನ್ನೇ ಹೇಳು ಅಂತ ಅವರು ತಿದ್ದಿದರು. ಗಮನಿಸಬೇಕಾದದ್ದು ಇದನ್ನೇ. ಅವರು ತಿದ್ದಿದ್ದು ಹಾಡಿನ ಒಂದು ಸಾಲನ್ನು. ದಫ್ ಕೆಳಗಿಡು ಅಂತ ಹುಡುಗಿಗೆ ಹೇಳಲಿಲ್ಲ.

ಎರಡು ಕಡೆಯೂ ದಫ್ ಇದ್ದದ್ದು ಹುಡುಗಿಯರ ಕೈಯಲ್ಲಿ, ಅದೂ ಮನೆಯೊಳಗೆ, ಹಬ್ಬ ಮತ್ತು ಮದುವೆಯ ದಿನ. ಇದು ಎಷ್ಟು ಸಾಮಾನ್ಯ ಆಗಿತ್ತೆಂದರೆ, ಮುಂದೆ ಹಂಬಲಿ ಮದ್‌ಹಬ್‌ನ ದೊಡ್ಡ ಪಂಡಿತ ಇಬ್ನ್ ಖುದಾಮ (ಮರಣ 1223) ದಫ್ ಬಾರಿಸುವುದು ಹೆಂಗಸರ ರೂಢಿ, ಗಂಡಸರು ಬಾರಿಸಿದರೆ ಹೆಂಗಸರನ್ನು ಅನುಕರಿಸಿದಂತೆ ಎಂಬ ನೆಲೆಯಲ್ಲಿ ಗಂಡಸರ ದಫ್ ಬಗ್ಗೆಯೇ ತಕರಾರು ತೆಗೆದರು! ಎಲ್ಲ ಪಂಡಿತರೂ ಇದನ್ನು ಒಪ್ಪಿಲ್ಲ, ನಾವೂ ನಮ್ಮ ಹುಡುಗರ ತಂಡಗಳನ್ನು ನಿಲ್ಲಿಸಿ ಅಂತ ಹೇಳುತ್ತಿಲ್ಲ. ಆದರೆ 800 ವರ್ಷ ಹಿಂದೆ "ಅದು ಹೆಂಗಸರದ್ದು" ಅಂತ ಇದ್ದ ಮಾತು ಇವತ್ತು ನಮ್ಮ ಜಗಲಿಯಲ್ಲಿ "ಅದು ಹುಡುಗರದ್ದು" ಅಂತ ಆಗಿದೆ. ಇದು ಆದದ್ದು ಹೇಗೆ?

ವಾದ್ಯ ಒಂದು ಕಡೆ ನಿಲ್ಲುವುದಿಲ್ಲ

ಅದಕ್ಕೆ ಉತ್ತರ ಹುಡುಕುವ ಮೊದಲು ವಾದ್ಯಗಳ ಸ್ವಭಾವ ಸ್ವಲ್ಪ ತಿಳಿದುಕೊಳ್ಳಬೇಕು. ವಾದ್ಯಗಳು ಊರಿಂದ ಊರಿಗೆ ಹೋಗ್ತವೆ. ಹೋದಲ್ಲಿ ಹೆಸರು ಬದಲಾಗ್ತದೆ, ಆಕಾರ ಬದಲಾಗ್ತದೆ, ಹಿಡಿಯುವ ಕೈಯೂ ಬದಲಾಗ್ತದೆ.

ಅರಬರ 'ಊದ್' ನೋಡಿ. 'ಅಲ್ ಊದ್' ಅಂದರೆ ಮರ ಎಂದೇ ಅರ್ಥ. 711ರಲ್ಲಿ ಅರಬರ ಸೈನ್ಯ ಸ್ಪೇನ್‌ಗೆ ಕಾಲಿಟ್ಟ ಮೇಲೆ ಅವರ ಹಿಂದೆಯೇ ಹಾಡು, ವಾದ್ಯಗಳೂ ಹೋದವು. 822ರಲ್ಲಿ ಬಗ್ದಾದ್ ಕಡೆಯ ಸಂಗೀತಗಾರ ಝಿರ್ಯಾಬ್ ಕೊರ್ದೋವಾಕ್ಕೆ ಬಂದ. ಊದ್‌ಗೆ ಐದನೇ ತಂತಿ ಸೇರಿಸಿದವನು ಅಂತ ಅಲ್ಲಿಯ ಚರಿತ್ರೆಕಾರರು ಅವನನ್ನು ನೆನೆಯುತ್ತಾರೆ. ಅದೇ ಊದ್ ಯುರೋಪಿನಲ್ಲಿ 'ಲ್ಯೂಟ್' ಆಯಿತು. ಅದರ ಕುತ್ತಿಗೆಗೆ ಮೆಟ್ಟಿಲುಗಳು ಬಂದವು, ರಾಜರ ಅರಮನೆಗಳಲ್ಲಿ ನುಡಿಯಿತು. ಅರಬರ ಜೋಡಿ ನಗಾರಿಯೂ ಹಾಗೆಯೇ. ಅರಬಿಯ 'ನಖ್ಖಾರ' ಇಂಗ್ಲಿಷರ ಬಾಯಲ್ಲಿ 'ನೇಕರ್ಸ್' ಆಯಿತು, ಇತ್ತ ನಮ್ಮ ಕನ್ನಡದಲ್ಲಿ 'ನಗಾರಿ' ಆಯಿತು.

ಕಮಾನಿನಿಂದ ನುಡಿಸುವ 'ರಬಾಬ್' ಯುರೋಪಿಗೆ ಹೋಗಿ 'ರೆಬೆಕ್' ಆಯಿತು. ಆ ರೆಬೆಕ್ ವಯಲಿನ್‌ನ ಹಿರಿಯರಲ್ಲಿ ಒಂದು. ವಯಲಿನ್ ಇಂದಿನ ರೂಪ ಪಡೆದದ್ದು 16ನೇ ಶತಮಾನದಲ್ಲಿ, ಉತ್ತರ ಇಟಲಿಯಲ್ಲಿ. ಆಮೇಲೆ ಅದು ಇಂಗ್ಲಿಷರ ಹಡಗಿನಲ್ಲಿ ಮದ್ರಾಸಿಗೆ ಬಂತು. ಮುತ್ತುಸ್ವಾಮಿ ದೀಕ್ಷಿತರ ತಮ್ಮ ಬಾಲುಸ್ವಾಮಿ ದೀಕ್ಷಿತರು (1786–1858) ಅದನ್ನು ಕಲಿತು ಕರ್ನಾಟಕ ಸಂಗೀತಕ್ಕೆ ಒಗ್ಗಿಸಿದರು. ನಿಂತು ನುಡಿಸುತ್ತಿದ್ದ ವಾದ್ಯವನ್ನು ಇಲ್ಲಿ ನೆಲದ ಮೇಲೆ ಕೂತು, ಅದರ ತುದಿಯನ್ನು ಪಾದಕ್ಕೆ ಆನಿಸಿ ನುಡಿಸಲು ಕಲಿತರು. ಇವತ್ತು ಪಿಟೀಲು ಇಲ್ಲದ ಕಛೇರಿ ಅಪರೂಪ.

ಹಾರ್ಮೋನಿಯಂ ಕತೆಯೂ ಸ್ವಾರಸ್ಯದ್ದೇ. ಹುಟ್ಟಿದ್ದು ಪ್ಯಾರಿಸ್‌ನಲ್ಲಿ, 1840ರ ಹೊತ್ತಿಗೆ. ಅಲ್ಲಿ ಅದನ್ನು ಕಾಲಿನಿಂದ ಒತ್ತಿ ನುಡಿಸುತ್ತಿದ್ದರು. ನೆಲದ ಮೇಲೆ ಕೂರುವ ನಮ್ಮವರಿಗೆ ಬೇಕಾದ ಕೈತಿದಿಯ ಹಾರ್ಮೋನಿಯಂ ಆ ಮೇಲೆ ಕಲ್ಕತ್ತಾದಲ್ಲಿ ತಯಾರಾಯಿತು. ಇದು ಪರದೇಶದ್ದು, ನಮ್ಮ ಸಂಗೀತಕ್ಕೆ ಸಲ್ಲದು ಅಂತ ಆಕಾಶವಾಣಿ 1940ರಲ್ಲಿ ಅದನ್ನು ಹೊರಗಿಟ್ಟಿತು. ಮೂರು ದಶಕ ಕಳೆದ ಮೇಲೆ ನಿಷೇಧ ಸಡಿಲಾಯಿತು. ಅಷ್ಟರೊಳಗೆ ಖವ್ವಾಲಿ, ನಾಟಕ, ಭಜನೆ, ಯಕ್ಷಗಾನದ ಶ್ರುತಿ ಎಲ್ಲ ಕಡೆ ಹಾರ್ಮೋನಿಯಂ ಕೂತಾಗಿತ್ತು. ವಾದ್ಯ ಯಾರದ್ದು ಅಂತ ತೀರ್ಪು ಕೊಟ್ಟವರು ಹಿಂದೆ ಸರಿದರು, ವಾದ್ಯ ಉಳಿಯಿತು.

ಇಷ್ಟೆಲ್ಲ ಹೇಳಲು ಕಾರಣ ಉಂಟು. ಇವತ್ತು ನಮ್ಮ ಹುಡುಗರ ಕೈಯಲ್ಲಿರುವ ದಫ್‌ಗೆ ಪ್ಲಾಸ್ಟಿಕ್‌ನ ಮುಖ. ಇದು ನೋಡಿ ಕೆಲವು ಹಿರಿಯರಿಗೆ ಬೇಸರ. ಆಡಿನ ಚರ್ಮದ ದಫ್ ಮಳೆಗಾಲದಲ್ಲಿ ತೇವ ಹೀರಿ ಸಡಿಲ ಆಗ್ತದೆ, ಸದ್ದು ಮೆತ್ತಗಾಗ್ತದೆ. ಅದನ್ನು ಕೆಂಡದ ಹತ್ತಿರ ಹಿಡಿದು ಬಿಸಿ ಮಾಡಿ ಬಿಗಿ ಮಾಡಬೇಕು. ತುಸು ಹೆಚ್ಚಾದರೆ ಚರ್ಮ ಬಿರಿಯುತ್ತದೆ, ಕಡಿಮೆಯಾದರೆ ಸದ್ದು ಏಳುವುದಿಲ್ಲ. ಆ ಹದ ಗೊತ್ತಿದ್ದ ಹಿರಿಯರು ಪ್ರತಿ ತಂಡದಲ್ಲಿ ಒಬ್ಬರಾದರೂ ಇರುತ್ತಿದ್ದರು. 1950ರ ದಶಕದ ಕೊನೆಯಲ್ಲಿ ಅಮೆರಿಕದಲ್ಲಿ ಡ್ರಮ್‌ಗಳಿಗೆ ಪಾಲಿಯೆಸ್ಟರ್ ಹಾಳೆಯ ಮುಖ ಬಂತು. ಅದು ತೇವಕ್ಕೆ ಬಗ್ಗುವುದಿಲ್ಲ, ಬೇಕಾದ ಹಾಗೆ ತಿರುಪಿನಿಂದ ಬಿಗಿ ಮಾಡಬಹುದು. ಆ ಬದಲಾವಣೆ ಈಗ ನಮ್ಮ ಅಂಗಳಕ್ಕೂ ಬಂದಿದೆ. ಚರ್ಮದ ಆಳವಾದ ಸದ್ದು ಇದರಲ್ಲಿ ಸಿಗುವುದಿಲ್ಲ, ನಿಜ. ಆದರೆ ಜೂನ್ ತಿಂಗಳ ಮದುವೆಯಲ್ಲಿ ಕೆಂಡ ಹುಡುಕುವ ಕಷ್ಟ ಅನುಭವಿಸಿದವರಿಗೆ ಅದರ ಉಪಕಾರ ಗೊತ್ತು. ಮುಖ ಯಾವುದರದ್ದು ಎಂಬುದಕ್ಕೆ ನಾವು ಜಗಳ ಮಾಡುವುದಿಲ್ಲ. ನಮ್ಮ ತಕರಾರು ಇರುವುದು ಕೈಯ ವಿಷಯದಲ್ಲಿ.

ಪೋರ್ಚುಗಲ್‌ನಿಂದ ಹೆರಾತ್‌ವರೆಗೆ

ಅರಬರ ಜೊತೆ ದಫ್ ಕೂಡ ಸ್ಪೇನ್, ಪೋರ್ಚುಗಲ್‌ಗೆ ಹೋಗಿತ್ತು. ಪೋರ್ಚುಗಲ್‌ನಲ್ಲಿ ಅದು ಇವತ್ತಿಗೂ ಉಂಟು. ಹೆಸರು 'ಅದೂಫೆ'. 'ಅದ್ದುಫ್' ಎಂಬ ಅರಬಿ ಉಚ್ಚಾರವೇ ಅಲ್ಲಿ ಹೀಗೆ ಉಳಿಯಿತು. ಆಕಾರ ಮಾತ್ರ ಚೌಕ. ಎರಡೂ ಬದಿಗೆ ಚರ್ಮ, ಒಳಗೆ ಕಾಳು ಅಥವಾ ಸಣ್ಣ ಕಲ್ಲು ಹಾಕಿ ಹೊಲಿದಿರುತ್ತಾರೆ, ಬಾರಿಸಿದಾಗ ಅದೂ ಸದ್ದು ಮಾಡ್ತದೆ. ಸ್ಪೇನ್ ಗಡಿಗೆ ತಾಗಿದ ಇದಾನ್ಯಾ-ಆ-ನೋವಾ ಸೀಮೆಯ ಹಳ್ಳಿಗಳಲ್ಲಿ ಇದನ್ನು ಬಾರಿಸುವವರು ಹೆಂಗಸರು. ಅಜ್ಜಿಯರಿಂದ ಮೊಮ್ಮಕ್ಕಳು ಕಲಿಯುತ್ತಾರೆ. ಅರಬರ ಆಳ್ವಿಕೆ ಮುಗಿದು ಶತಮಾನಗಳೇ ಕಳೆದವು, ಧರ್ಮ ಬದಲಾಯಿತು, ಭಾಷೆ ಬದಲಾಯಿತು. ಆದರೆ ದಫ್ ಹೆಂಗಸರ ಕೈಯಿಂದ ಹೋಗಲಿಲ್ಲ.

ಪೂರ್ವಕ್ಕೆ ಬಂದರೆ ಬುಖಾರಾ ನಗರ ಉಂಟು, ಹದೀಸ್ ಸಂಗ್ರಹಿಸಿದ ಇಮಾಮ್ ಬುಖಾರಿಯವರ ಊರು. ಅಲ್ಲಿ ಮದುವೆ ಮನೆಗಳಲ್ಲಿ ಹಾಡುವ 'ಸೋಝಂದಾ' ಎಂಬ ಹೆಂಗಸರ ತಂಡಗಳಿದ್ದವು. ಅವರ ಕೈಯ ವಾದ್ಯ 'ದೊಯಿರಾ', ಅಂದರೆ ದಫ್‌ನ ಇನ್ನೊಂದು ಹೆಸರು. ಅಫ್ಘಾನಿಸ್ತಾನದ ಹೆರಾತ್‌ನಲ್ಲೂ ಹಾಗೆಯೇ. ವೆರೋನಿಕಾ ಡಬಲ್‌ಡೇ ಎಂಬ ಇಂಗ್ಲಿಷ್ ಮಹಿಳೆ 1970ರ ದಶಕದಲ್ಲಿ ಹೆರಾತ್‌ನಲ್ಲಿದ್ದು, ಅಲ್ಲಿಯ ಹೆಂಗಸರ ಜೊತೆ ಕೂತು ಹಾಡು ಮತ್ತು ದಾಯಿರಾ ಕಲಿತರು. ಮನೆಯೊಳಗೆ ಹೆಂಗಸರು ಸೇರಿದಾಗ ಕೈಗೆ ಬರುವ ವಾದ್ಯ ಅದೇ ಆಗಿತ್ತು ಅಂತ ಅವರು ಬರೆದಿದ್ದಾರೆ. ಅವರ ಪುಸ್ತಕ 1988ರಲ್ಲಿ ಬಂತು. ಮಧ್ಯಪ್ರಾಚ್ಯದಲ್ಲಿ ದಫ್ ಮತ್ತು ಹೆಂಗಸರ ನಂಟಿನ ಬಗ್ಗೆ 1999ರಲ್ಲಿ ಅವರೇ ಒಂದು ದೊಡ್ಡ ಲೇಖನ ಬರೆದರು.

ಅದೇ ಅಫ್ಘಾನಿಸ್ತಾನದಲ್ಲಿ ಮುಂದೆ ಏನಾಯಿತು ಅಂತ ಎಲ್ಲರಿಗೂ ಗೊತ್ತು. ತಾಲಿಬಾನ್ ಬಂದ ಮೇಲೆ ಸಂಗೀತವೇ ನಿಂತಿತು. 2021ರಲ್ಲಿ ಅವರು ಎರಡನೇ ಸಲ ಬಂದಾಗ ಕಾಬೂಲ್‌ನ ರಾಷ್ಟ್ರೀಯ ಸಂಗೀತ ಸಂಸ್ಥೆಯ ಮಕ್ಕಳು, ಶಿಕ್ಷಕರು ದೇಶ ಬಿಟ್ಟು ಹೋಗಬೇಕಾಯಿತು. 'ಝೊಹ್ರಾ' ಎಂಬ ಹುಡುಗಿಯರದ್ದೇ ವಾದ್ಯಗೋಷ್ಠಿ ಇದ್ದ ಸಂಸ್ಥೆ ಅದು. ಅವರಿಗೆ ಆಶ್ರಯ ಕೊಟ್ಟ ದೇಶ ಯಾವುದು? ಪೋರ್ಚುಗಲ್. ಮುಸ್ಲಿಮ್ ನಾಡಿನಿಂದ ಶತಮಾನಗಳ ಹಿಂದೆ ಹೋದ ದಫ್ ಇವತ್ತಿಗೂ ಹೆಂಗಸರ ಕೈಯಲ್ಲಿ ನುಡಿಯುವ ದೇಶದಲ್ಲೇ, ಮುಸ್ಲಿಮ್ ನಾಡಿನ ಹುಡುಗಿಯರು ತಮ್ಮ ವಾದ್ಯ ನುಡಿಸಲು ಜಾಗ ಹುಡುಕಬೇಕಾಯಿತು. ಇದು ನಾವು ಯೋಚಿಸಬೇಕಾದ ಸಂಗತಿ.

ನಮ್ಮ ಕರಾವಳಿಯಲ್ಲಿ

ಈಗ ನಮ್ಮ ಊರಿಗೆ ಬರೋಣ. ಕರಾವಳಿಗೂ ಅರಬ್ ನಾಡಿಗೂ ಇದ್ದ ಕಡಲ ವ್ಯಾಪಾರದ ನಂಟು, ಸೂಫಿಗಳ ನಂಟು ಎರಡೂ ಹಳೆಯವು. ನಮ್ಮಲ್ಲಿ ದಫ್ ಗಟ್ಟಿಯಾಗಿ ಬೇರೂರಿದ್ದು ರಾತೀಬ್ ಮಜ್ಲಿಸ್‌ಗಳಲ್ಲಿ. ರಿಫಾಈ ರಾತೀಬ್ ಕಂಡವರಿಗೆ ಅಲ್ಲಿ ದಫ್‌ಗೆ ಇರುವ ಜಾಗ ಗೊತ್ತು. ಮಜ್ಲಿಸ್ ನಡೆಯುವುದು ಮಸೀದಿ, ದರ್ಗಾಗಳ ಆವರಣದಲ್ಲಿ. ಅಲ್ಲಿ ಕೂರುವವರು ಗಂಡಸರು. ಆದ್ದರಿಂದ ದಫ್ ಗಂಡಸರ ಕೈಗೆ ಬಂತು. ಹಿಂದೆ ಯಾವ ಮನೆಯಲ್ಲಿ ದಫ್ ಇರುತ್ತಿತ್ತು ಅಂದರೆ, ರಾತೀಬ್‌ಗೆ ಹೋಗುವ ಗಂಡಸರು ಇರುವ ಮನೆಯಲ್ಲಿ.

ಹೆಂಗಸರಿಗೆ ಉಳಿದದ್ದು ಒಪ್ಪನೆ. ಮದುಮಗಳನ್ನು ನಡುವೆ ಕೂರಿಸಿ, ಸುತ್ತಲೂ ಕೂತು, ಕೈ ತಟ್ಟುತ್ತಾ ಹಾಡುವ ಹಾಡು. ಅದರಲ್ಲಿ ವಾದ್ಯ ಇಲ್ಲ, ಅಂಗೈಯೇ ವಾದ್ಯ. ಒಪ್ಪನೆಯ ಸೊಗಸು ನಾವು ಹೇಳಬೇಕಾಗಿಲ್ಲ. ಆದರೆ ದಫ್ ಅಂಗಳದಲ್ಲಿ, ಒಪ್ಪನೆ ಒಳಮನೆಯಲ್ಲಿ ಅಂತ ಒಂದು ಗೋಡೆ ಎದ್ದಿತು.

ಆಮೇಲೆ ಬಂದದ್ದು ವೇದಿಕೆ, ಸ್ಪರ್ಧೆ, ಟ್ರೋಫಿ. ಪಕ್ಕದ ಕೇರಳದ ಶಾಲಾ ಕಲೋತ್ಸವವನ್ನು ನೋಡಿದರೆ ಗೊತ್ತಾಗ್ತದೆ. ಅಲ್ಲಿ ಒಪ್ಪನ ಹುಡುಗಿಯರ ಸ್ಪರ್ಧೆ, ದಫ್ ಮುಟ್ಟ್, ಅರಬನ ಮುಟ್ಟ್, ಕೋಲ್ಕಳಿ ಹುಡುಗರ ಸ್ಪರ್ಧೆ. ಸ್ಪರ್ಧೆ ನಡೆಸಲು ವಿಭಾಗ ಬೇಕು, ಒಪ್ಪೋಣ. ಅದರಿಂದ ಈ ಕಲೆಗಳಿಗೆ ಉಪಕಾರವೂ ಆಗಿದೆ. ಆದರೆ ಸ್ಪರ್ಧೆಯ ನಿಯಮ ನಮ್ಮ ತಲೆಯಲ್ಲಿ ಧರ್ಮದ ನಿಯಮದ ಹಾಗೆ ಕೂತಿತು. ದಫ್ ಮುಟ್ಟಿದರೆ ಹುಡುಗಿ ಏನೋ ತಪ್ಪು ಮಾಡಿದಳು ಅನ್ನುವ ಭಾವನೆ ಬಂದದ್ದು ಹೀಗೆ. ಅದಕ್ಕೆ ಕಿತಾಬಿನ ಆಧಾರ ಇಲ್ಲ, ಚರಿತ್ರೆಯ ಆಧಾರವೂ ಇಲ್ಲ. ಇರುವುದು ರೂಢಿ ಮಾತ್ರ, ಅದೂ ಅಷ್ಟೇನೂ ಹಳೆಯದಲ್ಲದ ರೂಢಿ.

ಕೇಳಬಹುದಾದ ಪ್ರಶ್ನೆಗಳು

ಇದನ್ನು ಓದುವಾಗ ಕೆಲವರಿಗೆ ಸಿಟ್ಟು ಬರಬಹುದು. ಬರಲಿ, ಮಾತಾಡೋಣ.

ಹೆಣ್ಣುಮಕ್ಕಳನ್ನು ವೇದಿಕೆ ಹತ್ತಿಸಬೇಕು ಅಂತಲಾ ನೀವು ಹೇಳುವುದು? ಅಂತ ಕೇಳಬಹುದು. ಅಲ್ಲ. ನಾವು ಹೇಳುತ್ತಿರುವುದು ಒಳಮನೆಯ ಬಗ್ಗೆ. ಮೈಲಾಂಜಿ ರಾತ್ರಿ ಹೆಂಗಸರು ಹೆಂಗಸರೇ ಸೇರಿರುವ ಕೋಣೆಯ ಬಗ್ಗೆ. ಒಪ್ಪನೆ ಹಾಡುವವರ ನಡುವೆ ಒಂದು ದಫ್ ಇದ್ದರೆ ಎಂತ ತೊಂದರೆ? ಮದೀನಾದ ಮನೆಯಲ್ಲಿ ಆಗದ ತೊಂದರೆ ನಮ್ಮ ಮನೆಯಲ್ಲಿ ಆಗ್ತದಾ?

ಸಂಗೀತವೇ ಬೇಡ ಅನ್ನುವವರೂ ಇದ್ದಾರೆ. ಸಂಗೀತದ ಬಗ್ಗೆ ಪಂಡಿತರಲ್ಲಿ ಭಿನ್ನಾಭಿಪ್ರಾಯ ಇರುವುದು ನಿಜ, ಅದನ್ನು ತೀರ್ಮಾನ ಮಾಡುವ ಅರ್ಹತೆ ನಮಗಿಲ್ಲ. ಆದರೆ ಮದುವೆಯ ದಫ್ ವಿಷಯ ಬೇರೆ. ನಮ್ಮ ಕರಾವಳಿಯ ಹೆಚ್ಚಿನವರು ಅನುಸರಿಸುವ ಶಾಫಿಈ ಮದ್‌ಹಬ್‌ನಲ್ಲಿ ಮದುವೆಗೆ ದಫ್ ಬಾರಿಸಲು ಅವಕಾಶ ಉಂಟು. ಸಂಶಯ ಇದ್ದರೆ ನಿಮ್ಮ ನಿಮ್ಮ ಉಸ್ತಾದರನ್ನೇ ಕೇಳಿ. ಕೇಳುವಾಗ ಒಂದು ಪ್ರಶ್ನೆ ಹೆಚ್ಚು ಕೇಳಿ: ಆ ಅವಕಾಶ ಹುಡುಗರಿಗೆ ಮಾತ್ರವಾ?

ಇನ್ನು ಮೂರನೆಯ ಮಾತು, ನಮ್ಮದೇ ಮಾತು. ಇವತ್ತು ಆ ಒಳಮನೆಯಲ್ಲಿ ಹಾಡು ಇಲ್ಲ ಅಂತ ಯಾರಾದರೂ ತಿಳಿದಿದ್ದರೆ ಅದು ತಪ್ಪು. ಅಲ್ಲಿ ಬ್ಲೂಟೂತ್ ಸ್ಪೀಕರ್ ಉಂಟು. ಸಿನಿಮಾ ಹಾಡು, ಆಲ್ಬಮ್ ಹಾಡು ಎಲ್ಲ ಉಂಟು. ಹುಡುಗಿಯರು ಅದಕ್ಕೆ ಕೈ ತಟ್ಟುತ್ತಾರೆ, ರೀಲ್ಸ್ ಮಾಡುತ್ತಾರೆ. ಅದನ್ನು ಕಂಡೂ ಕಾಣದ ಹಾಗೆ ಇರುವ ನಾವು, ಒಬ್ಬ ಹುಡುಗಿ ದಫ್ ಮುಟ್ಟಿದರೆ "ಇಡು ಇಡು" ಅಂತೇವೆ. ಪೇಟೆಯಿಂದ ಬಂದ ಸದ್ದಿಗೆ ಇಲ್ಲದ ಅಡ್ಡಿ ನಮ್ಮ ಹಿರಿಯರಿಂದ ಬಂದ ವಾದ್ಯಕ್ಕೆ. ಇದಕ್ಕೆ ಸಮಾಧಾನ ಹೇಳುವುದು ಕಷ್ಟ ಮಾರಾಯ್ರೆ.

ಮಾಡಬಹುದಾದದ್ದು

ದೊಡ್ಡ ಯೋಜನೆ ಏನೂ ಬೇಡ. ಮದುವೆಗೆ ಸೌಂಡ್ ಬಾಕ್ಸ್ ಬಾಡಿಗೆಗೆ ತರುವವರು ಎರಡು ದಫ್ ಕೊಂಡು ಮನೆಯಲ್ಲಿ ಇಟ್ಟರೆ ಸಾಕು. ಕಲಿಸುವವರು ಯಾರು ಅಂದರೆ, ದಫ್ ತಂಡದ ಹುಡುಗರಿಗೆ ಮನೆಯಲ್ಲಿ ತಂಗಿಯರು ಇರುತ್ತಾರೆ, ಮಗಳಂದಿರು ಇರುತ್ತಾರೆ. ನಡುವಿಗೆ ಬಡಿದರೆ 'ದುಂ', ಅಂಚಿಗೆ ಬಡಿದರೆ 'ತಕ್'. ಅರಬರೂ ಈ ಎರಡು ಸದ್ದುಗಳನ್ನು ಇವೇ ಹೆಸರುಗಳಿಂದ ಕರೆಯುತ್ತಾರೆ. ಇಷ್ಟು ಗೊತ್ತಾದರೆ ಉಳಿದದ್ದು ಕೈಗೆ ತಾನಾಗಿ ಬರ್ತದೆ. ನಮ್ಮ ಹಳೆಯ ಹಾಡುಗಳ ನಡೆಗೆ ಇದಕ್ಕಿಂತ ಹೆಚ್ಚು ಬೇಕಾಗಿಯೂ ಇಲ್ಲ.

ಎರಡನೆಯದು, ಹಾಡುಗಳ ವಿಷಯ. ಒಪ್ಪನೆ ಹಾಡುಗಳು ಬಾಯಿಂದ ಬಾಯಿಗೆ ಬಂದವು. ಅವನ್ನು ಪೂರ್ತಿ ಬಲ್ಲ ಉಮ್ಮಂದಿರು, ಅಜ್ಜಿಯರು ಈಗ ಮನೆಗೊಬ್ಬರಿಲ್ಲ, ಊರಿಗೊಬ್ಬರು ಸಿಕ್ಕಿದರೆ ಹೆಚ್ಚು. ರೀಲ್ಸ್ ಮಾಡುವ ಅದೇ ಮೊಬೈಲ್‌ನಲ್ಲಿ ಅವರ ಹಾಡನ್ನು ಹಿಡಿದಿಡಬಹುದು. ಅವರು ಒಪ್ಪಿದರೆ ಧ್ವನಿ ಮಾತ್ರ ಸಾಕು, ಮುಖ ಬೇಡ.

ಮೂರನೆಯದು, ಕರ್ನಾಟಕ ಬ್ಯಾರಿ ಸಾಹಿತ್ಯ ಅಕಾಡೆಮಿಗೆ ನಮ್ಮ ವಿನಂತಿ. ದಫ್ ಪ್ರದರ್ಶನ ಏರ್ಪಡಿಸುವುದು ಒಳ್ಳೆಯದು. ಅದರ ಜೊತೆ ದಫ್ ಮಾಡುವವರನ್ನು, ಬಿಗಿಯುವವರನ್ನು, ಕೆಂಡದ ಹದ ಬಲ್ಲವರನ್ನು ಹುಡುಕಿ ಅವರ ಅನುಭವ ದಾಖಲಿಸಿದರೆ ಮುಂದಿನವರಿಗೆ ಉಪಕಾರ. ಹೆಣ್ಣುಮಕ್ಕಳಿಗೆ, ಹೆಂಗಸರೇ ಕಲಿಸುವ ಒಂದು ದಫ್ ಶಿಬಿರ ಮಾಡಿದರೆ ಇನ್ನೂ ಸಂತೋಷ.

ಕೊನೆಗೆ ಆ ಮದುವೆ ಮನೆಯ ಒಂದು ಮಾತು ಬಾಕಿ ಉಂಟು. ಮಾರನೆಯ ದಿನ ಊಟ ಆದ ಮೇಲೆ ಆ ಮನೆಯ ಹಿರಿ ಉಮ್ಮನ ಹತ್ತಿರ ಕೂತು ನಾವು ಹಿಂದಿನ ರಾತ್ರಿಯ ಸಂಗತಿ ಹೇಳಿದೆವು. ನಿಮ್ಮ ಕಾಲದಲ್ಲಿ ಹೆಂಗಸರು ದಫ್ ಬಾರಿಸುತ್ತಿದ್ದರಾ ಅಂತ ಕೇಳಿದೆವು. ಅವರು ನಕ್ಕರು.

"ದಫ್ ಯಾರು ಕೊಡ್ತಿದ್ರು ಮೋನೇ ನಮಗೆ? ಹರಿವಾಣ ಕವುಚಿ ಹಾಕಿ ಬಾರಿಸ್ತಿದ್ದೆವು. ಗಂಡಸರು ಅಂಗಳದಲ್ಲಿ ದಫ್ ಬಾರಿಸುವಾಗ ನಾವು ಒಳಗೆ ಕೂತು ಹರಿವಾಣದಲ್ಲಿ ಅದೇ ತಾಳ ಹಾಕ್ತಿದ್ದೆವು. ಯಾರಿಗೂ ಗೊತ್ತಾಗ್ತಿರ್ಲಿಲ್ಲ."

ಹೇಳುತ್ತಾ ಹೇಳುತ್ತಾ ಅವರ ಬೆರಳು ಕುರ್ಚಿಯ ಕೈ ಮೇಲೆ ಆಡುತ್ತಿತ್ತು. ಒಂದು ದುಂ, ಎರಡು ತಕ್. ಕೋಣೆಯ ಬಾಗಿಲಲ್ಲಿ ಆ ಹತ್ತು ವರ್ಷದ ಹುಡುಗಿ ನಿಂತು ನೋಡುತ್ತಿದ್ದಳು. ಆ ಮನೆಯಲ್ಲಿ ಮುಂದಿನ ಮದುವೆ ಬರುವ ಸೆಪ್ಟೆಂಬರ್‌ನಲ್ಲಿ ಉಂಟು. ಈ ಸಲ ಉಡುಗೊರೆಗೆ ಏನು ಕೊಂಡುಹೋಗಬೇಕು ಅಂತ ನಾವು ತೀರ್ಮಾನ ಮಾಡಿ ಆಗಿದೆ.